ದೇವನಹಳ್ಳಿಯಲ್ಲಿ ಮುಗಿದ ಒತ್ತೆ

ದೇವನಹಳ್ಳಿ ಕೋಟೆ ನೋಡಲು ಹೋದವರಿಗೆ ಊರಿನವರು ಮೊದಲು ತೋರಿಸುವುದು ಟಿಪ್ಪು ಹುಟ್ಟಿದ ಜಾಗವನ್ನು. ಕೋಟೆಗೆ ಹತ್ತಿರದಲ್ಲೇ ಕಂಬಗಳ ಒಂದು ಪುಟ್ಟ ಕಟ್ಟೆ, ಅದರಲ್ಲೊಂದು ಬರಹದ ಕಲ್ಲು. 1501ರಲ್ಲಿ ಆವತಿ ನಾಡಪ್ರಭುಗಳ ಮನೆತನದ ಮಲ್ಲಬೈರೇಗೌಡ ಕಟ್ಟಿಸಿದ ಮಣ್ಣಿನ ಕೋಟೆ ಹೈದರ್ ಮತ್ತು ಟಿಪ್ಪುವಿನ ಕಾಲದಲ್ಲಿ ಕಲ್ಲಿನದಾಯಿತು. 1749ರಲ್ಲಿ ಮೈಸೂರಿನ ಸೈನ್ಯ ಈ ಕೋಟೆಗೆ ಮುತ್ತಿಗೆ ಹಾಕಿದಾಗಲೇ ಹೈದರ್ ಎಂಬ ಸಿಪಾಯಿಯ ಹೆಸರು ಮೊದಲ ಸಲ ಮೇಲಿನವರ ಕಿವಿಗೆ ಬಿದ್ದದ್ದು. ಮರುವರ್ಷ ಟಿಪ್ಪು ಹುಟ್ಟಿದ. ಇಷ್ಟನ್ನು ಆ ಕಡೆಯ ಶಾಲೆಯ ಮಕ್ಕಳೂ ಹೇಳುತ್ತಾರೆ. ಟಿಪ್ಪುವಿನ ಬದುಕಿನ ಅತಿ ದೊಡ್ಡ ಸಂಕಟವೊಂದು ಕೊನೆಗೊಂಡದ್ದೂ ಇದೇ ದೇವನಹಳ್ಳಿಯಲ್ಲಿ ಎಂಬುದು ಮಾತ್ರ ಊರಿನ ನೆನಪಿನಲ್ಲಿ ಅಷ್ಟಾಗಿ ಉಳಿದಿಲ್ಲ. ಇಂಗ್ಲಿಷರ ಬಳಿ ಎರಡು ವರ್ಷ ಒತ್ತೆಯಾಳುಗಳಾಗಿದ್ದ ಅವನ ಇಬ್ಬರು ಗಂಡುಮಕ್ಕಳನ್ನು 1794ರ ಮಾರ್ಚ್ ಕೊನೆಯಲ್ಲಿ ಅವನಿಗೆ ಒಪ್ಪಿಸಿದ್ದು ಇಲ್ಲಿ.

ಆ ಮಕ್ಕಳನ್ನು ಕಾರ್ನ್‌ವಾಲಿಸ್ ಕೈಹಿಡಿದು ಬರಮಾಡಿಕೊಳ್ಳುವ ಚಿತ್ರವನ್ನು ಬಹಳ ಜನ ನೋಡಿರುತ್ತಾರೆ. ರಾಬರ್ಟ್ ಹೋಮ್ ಬರೆದದ್ದು, ಮೇದರ್ ಬ್ರೌನ್ ಬರೆದದ್ದು, ಇನ್ನೂ ಹಲವರು ಬರೆದದ್ದು ಇವೆ. ಎಲ್ಲದರಲ್ಲೂ ಬೆಳಕೆಲ್ಲ ದಪ್ಪ ಮೈಯ ಗವರ್ನರ್ ಜನರಲ್ ಮತ್ತು ಬಿಳಿ ಅಂಗಿಯ ಹುಡುಗರ ಮೇಲೆ. ಆ ಬೆಳಕಿನ ಅಂಚಿನಲ್ಲಿ, ಆಚೀಚೆ ನಿಂತ ಪೇಟದವರ ನಡುವೆ ಒಬ್ಬ ಮನುಷ್ಯನಿರುತ್ತಾನೆ: ಗುಲಾಂ ಅಲಿ ಖಾನ್, ಟಿಪ್ಪುವಿನ ವಕೀಲ. ಆಗ ವಕೀಲನೆಂದರೆ ಕೋರ್ಟಿನವನಲ್ಲ, ಒಡೆಯನ ಬಾಯಿಯಾಗಿ ಇನ್ನೊಂದು ದರ್ಬಾರಿಗೆ ಹೋಗಿ ಕೂರುವವನು. ಈ ಒತ್ತೆಯ ಮಾತು ಆಡಿದವನು, ಮಕ್ಕಳನ್ನು ಕರೆತಂದು ಕೈಗೆ ಕೊಟ್ಟವನು, ಅವರೊಡನೆ ಮದರಾಸಿಗೆ ಹೋದವನು, ಕೊನೆಗೆ ಅದಕ್ಕೆಲ್ಲ ಲೆಕ್ಕ ಕೊಡಬೇಕಾಗಿ ಬಂದವನು ಅವನೇ. 1792ರ ಕಥೆಯನ್ನು ಅವನ ಕಡೆಯಿಂದ ಹೇಳಬೇಕೆಂದು ನನಗೆ ಬಹುಕಾಲದಿಂದ ಅನ್ನಿಸಿದೆ.

ಗುಲಾಂ ಅಲಿ ಖಾನ್ ಸಣ್ಣ ಆಸಾಮಿಯಲ್ಲ. ಟಿಪ್ಪು ತುರ್ಕಿಯ ಸುಲ್ತಾನನ ಬಳಿಗೆ ಕಳಿಸಿದ ರಾಯಭಾರದ ಮುಖ್ಯಸ್ಥ ಇವನೇ. 1786ರಲ್ಲಿ ಕಾರವಾರದ ಕಡೆಯ ತದಡಿಯಿಂದ ಹಡಗು ಹತ್ತಿದ ಆ ತಂಡದಲ್ಲಿ ಸುಮಾರು ಒಂಬೈನೂರು ಜನರಿದ್ದರು. ಮಸ್ಕತ್, ಬಸ್ರಾ, ಬಾಗ್ದಾದ್ ದಾಟಿ 1787ರಲ್ಲಿ ಇಸ್ತಾಂಬುಲ್ ಮುಟ್ಟುವ ಹೊತ್ತಿಗೂ ಅಲ್ಲಿಂದ ಮರಳುವ ಹೊತ್ತಿಗೂ ಕಾಯಿಲೆಗೆ ಬಹುಪಾಲು ಮಂದಿ ಸತ್ತರು. ಬೇಕಾಗಿದ್ದ ಸೈನಿಕ ನೆರವು ಸಿಗಲಿಲ್ಲ. ಬರಿಗೈಯಲ್ಲಿ, ಕೆಲವೇ ಜನರೊಡನೆ ಅವನು ಊರು ಸೇರಿದಾಗ ಮೂರನೆಯ ಮೈಸೂರು ಯುದ್ಧ ಶುರುವಾಗುವುದರಲ್ಲಿತ್ತು. ದೂರದ ದರ್ಬಾರಿನಲ್ಲಿ ವರ್ಷಗಟ್ಟಲೆ ಕಾದು, ಇಲ್ಲವೆನ್ನಿಸಿಕೊಂಡು ಬಂದವನಿಗೆ ಮಾತುಕತೆಯ ಕಷ್ಟ ಗೊತ್ತಿತ್ತು.

ಆ ಯುದ್ಧದ ಭಾರ ಬಿದ್ದದ್ದು ಬೆಂಗಳೂರಿನ ಸುತ್ತಲ ಸೀಮೆಯ ಮೇಲೆ. 1791ರ ಮಾರ್ಚ್ 7ರಂದು ಬೆಂಗಳೂರು ಪೇಟೆ, 21ರ ರಾತ್ರಿ ಕೋಟೆ ಕಾರ್ನ್‌ವಾಲಿಸನ ಕೈಸೇರಿತು. ಅಲ್ಲಿಂದ ಅವನು ನಿಜಾಮನ ಕುದುರೆ ಸೈನ್ಯವನ್ನು ಎದುರುಗೊಳ್ಳಲು ಉತ್ತರಕ್ಕೆ ಹೊರಟ. ದಾರಿಯಲ್ಲಿ ದೇವನಹಳ್ಳಿಯೂ ಚಿಕ್ಕಬಳ್ಳಾಪುರವೂ ಹೆಚ್ಚು ಹೋರಾಟವಿಲ್ಲದೆ ಶರಣಾದವು. ಅಕ್ಟೋಬರಿನಲ್ಲಿ ನಂದಿದುರ್ಗ, ಡಿಸೆಂಬರಿನಲ್ಲಿ ಸಾವನದುರ್ಗ ಬಿದ್ದವು. ಮೂರು ಕಡೆಯ ಸೈನ್ಯಗಳು, ಅವುಗಳ ಹಿಂದೆ ಧಾನ್ಯ ಹೊತ್ತ ಬಂಜಾರರ ಎತ್ತಿನ ಹಿಂಡುಗಳು, ಮೇವಿಗಾಗಿ ಅಲೆಯುವ ಸಾವಿರಾರು ಕುದುರೆಗಳು. ಹೊಸಕೋಟೆ, ದೊಡ್ಡಬಳ್ಳಾಪುರ, ನೆಲಮಂಗಲದ ರೈತರಿಗೆ ಆ ವರ್ಷ ಬಿತ್ತಿದ್ದು ಕಟಾವಿಗೆ ಉಳಿದೀತೆಂಬ ಭರವಸೆ ಎಲ್ಲಿಂದ ಬರಬೇಕು?

ಸಂಧಾನದ ಪ್ರಯತ್ನಗಳು ಆಗಲೇ ನಡೆದಿದ್ದವು. 1791ರ ಮೇ ತಿಂಗಳಲ್ಲಿ ಟಿಪ್ಪು ಬಿಳಿ ಬಾವುಟದ ಜೊತೆ ಹಣ್ಣಿನ ಬುಟ್ಟಿಗಳನ್ನು ಕಳಿಸಿದ. ಕಾರ್ನ್‌ವಾಲಿಸ್ ಅವನ್ನು ಮುಟ್ಟದೆ ಹಿಂದಿರುಗಿಸಿದ. ಮಿತ್ರರಾದ ಮರಾಠರು ಮತ್ತು ನಿಜಾಮನಿಗೆ, ಇವನು ನಮ್ಮನ್ನು ಬಿಟ್ಟು ಗುಟ್ಟಾಗಿ ರಾಜಿಯಾಗುತ್ತಿದ್ದಾನೆಂಬ ಅನುಮಾನ ಬರಬಾರದೆಂಬುದೇ ಕಾರಣ. ಆಗಸ್ಟಿನಲ್ಲಿ ಟಿಪ್ಪು ಅಪ್ಪಾಜಿರಾಮನೆಂಬ ಹಳೆಯ, ಪಳಗಿದ ವಕೀಲನನ್ನು ಕಳಿಸಿದ. ಅಧಿಕಾರ ಪತ್ರದ ತಕರಾರಿನಲ್ಲೇ ಅದು ಮುರಿದು ಅವನು ಬಂದ ದಾರಿ ಹಿಡಿಯಬೇಕಾಯಿತು.

ಬಾಗಿಲು ತೆರೆದದ್ದು 1792ರ ಫೆಬ್ರುವರಿ 6ರ ರಾತ್ರಿಯ ದಾಳಿಯ ಮೇಲೆ. ಶ್ರೀರಂಗಪಟ್ಟಣದ ಹೊರ ಸಾಲಿನ ಕೊತ್ತಲಗಳು ಒಂದೇ ರಾತ್ರಿಯಲ್ಲಿ ಕೈಬಿಟ್ಟು ಹೋಗಿ, ಇಂಗ್ಲಿಷರು ನಡುಗಡ್ಡೆಯೊಳಗೇ ಬಂದು ಕುಳಿತರು. ಎರಡು ದಿನದ ಮೇಲೆ ಟಿಪ್ಪು ತನ್ನ ಸೆರೆಯಲ್ಲಿದ್ದ ಚಾಮರ್ಸ್ ಮತ್ತು ನ್ಯಾಶ್ ಎಂಬ ಇಬ್ಬರು ಲೆಫ್ಟಿನೆಂಟರನ್ನು ಬಿಡಿಸಿ, ಅವರ ಕೈಯಲ್ಲೇ ಕಾರ್ನ್‌ವಾಲಿಸನಿಗೆ ಪತ್ರ ಕೊಟ್ಟು ಕಳಿಸಿದ. ಇದು ಬಹಳ ಲೆಕ್ಕ ಹಾಕಿ ಮಾಡಿದ ಕೆಲಸ. ಕೊಯಮತ್ತೂರಿನಲ್ಲಿ ಶರಣಾದ ಇವರನ್ನು ಒಪ್ಪಂದದಂತೆ ಬಿಡದೆ ಸೆರೆಯಲ್ಲಿಟ್ಟದ್ದೇ ಇಂಗ್ಲಿಷರ ದೊಡ್ಡ ದೂರಾಗಿತ್ತು. ದೂರಿನ ಮೂಲವನ್ನೇ ದೂತರನ್ನಾಗಿ ಮಾಡಿ ಕಳಿಸಿದಾಗ ಎದುರಿನವನು ಪತ್ರ ಒಡೆದು ನೋಡಲೇಬೇಕಾಗುತ್ತದೆ.

ಫೆಬ್ರುವರಿ 14ರಂದು ಗುಲಾಂ ಅಲಿ ಖಾನ್ ಮತ್ತು ಅವನ ಜೊತೆಗಾರ ಅಲಿ ರಜಾ ಖಾನ್ ಕೋಟೆಯಿಂದ ಹೊರಗೆ ಬಂದರು. ಮಾತುಕತೆಗೆಂದೇ ಡೇರೆ ಹಾಕಲಾಗಿತ್ತು. ಎದುರಿಗೆ ಕುಳಿತವನು ಸರ್ ಜಾನ್ ಕೆನ್ನವೇ, ಹೈದರಾಬಾದಿನಲ್ಲಿ ಕಂಪನಿಯ ರೆಸಿಡೆಂಟ್. 1790ರಲ್ಲಿ ನಿಜಾಮನನ್ನು ಇಂಗ್ಲಿಷರ ಪಕ್ಷಕ್ಕೆ ಎಳೆದು ತಂದ ಒಪ್ಪಂದ ಅವನದೇ ಕೈಕೆಲಸ; ಆ ಕೆಲಸಕ್ಕೇ ಅವನಿಗೆ ಬಿರುದೂ ಸಿಕ್ಕಿತ್ತು. ನಿಜಾಮನ ಪರವಾಗಿ ಮೀರ್ ಆಲಂ, ಮರಾಠರ ಸೇನಾಪತಿ ಹರಿಪಂತ ಫಡಕೆಯ ಪರವಾಗಿ ಅವನ ವಕೀಲ. ಹೀಗೆ ಮೂವರ ಎದುರಿಗೆ ಇಬ್ಬರು. ಮೂವರಿಗೂ ಬೇಕಾದದ್ದು ಬೇರೆ ಬೇರೆ, ಆದರೆ ಮೂವರೂ ಒಟ್ಟಿಗೇ ಕೇಳುವವರು. ಕೋಟೆಯಿಂದ ಫಿರಂಗಿ ಹಾರುವುದು ನಿಂತಿರಲಿಲ್ಲ, ಹೊರಗೆ ಕಂದಕ ತೋಡುವುದೂ ನಿಂತಿರಲಿಲ್ಲ. 16ನೇ ತಾರೀಖು ಅಬರ್‌ಕ್ರಾಂಬಿಯ ಮುಂಬಯಿ ಸೈನ್ಯ ಬಂದು ಸೇರಿಕೊಂಡಿತು. ಡೇರೆಯೊಳಗೆ ಒಂದು ದಿನ ತಡವಾದರೆ ಹೊರಗೆ ಕಂದಕ ಅಷ್ಟು ಗಜ ಮುಂದೆ ಬರುತ್ತಿತ್ತು. ಇಂಥ ಗಡಿಯಾರದ ಎದುರು ಕುಳಿತು ಚೌಕಾಸಿ ಮಾಡುವುದು ಹೇಗೆ?

ಆದರೂ ಅವರು ಚೌಕಾಸಿ ಮಾಡಿದರು. ಪ್ರತಿ ಶರತ್ತಿಗೂ ಒಡೆಯನನ್ನು ಕೇಳಿ ಬರುತ್ತೇವೆಂದು ಕೋಟೆಗೆ ಹೋಗುವುದು, ಮತ್ತೆ ಬರುವುದು. ಕೊನೆಗೆ 22ರಂದು ಮಿತ್ರರು ತಮ್ಮ ಕೊನೆಯ ಮಾತು ಬರೆದುಕೊಟ್ಟರು. ರಾಜ್ಯದಲ್ಲಿ ಅರ್ಧ. 3 ಕೋಟಿ 30 ಲಕ್ಷ ರೂಪಾಯಿ, ಅದರಲ್ಲಿ 1 ಕೋಟಿ 65 ಲಕ್ಷ ಕೂಡಲೇ, ಉಳಿದದ್ದು ನಾಲ್ಕು ನಾಲ್ಕು ತಿಂಗಳು ಮೀರದ ಮೂರು ಕಂತುಗಳಲ್ಲಿ. ಹೈದರನ ಕಾಲದಿಂದ ಹಿಡಿದು ಸೆರೆಯಲ್ಲಿರುವ ಎಲ್ಲರ ಬಿಡುಗಡೆ. ಇಷ್ಟೂ ನಡೆಯುತ್ತದೆಂಬುದಕ್ಕೆ ಖಾತರಿಯಾಗಿ, ಹಿರಿಯ ಮೂವರು ಗಂಡುಮಕ್ಕಳಲ್ಲಿ ಇಬ್ಬರು ಒತ್ತೆ.

ಮರುದಿನ ಟಿಪ್ಪು ತನ್ನ ಮುಖ್ಯ ಸರದಾರರನ್ನೆಲ್ಲ ದೊಡ್ಡ ಮಸೀದಿಗೆ ಕರೆಸಿದ. ಕುರಾನ್ ಎದುರಿಗಿಟ್ಟು ಶರತ್ತುಗಳನ್ನು ಓದಿ ಹೇಳಿದ. ಶತ್ರುಗಳು ಕೇಳುತ್ತಿರುವುದು ಇದು, ಕೊಡೋಣವೋ, ಹೋರಾಡೋಣವೋ? ಪ್ರಾಣ ಕೊಡಲು ನಾವು ಸಿದ್ಧ, ಆದರೆ ಸೈನಿಕರಿಗೆ ಎದೆ ಉಳಿದಿಲ್ಲ ಎಂದು ಅವರು ಹೇಳಿದರೆಂಬುದು ವಿಲ್ಕ್ಸ್ ಬರೆದಿಟ್ಟ ಸಂಗತಿ. ಮಾರ್ಕ್ ವಿಲ್ಕ್ಸ್ ಮುಂದೆ ಮೈಸೂರಿನ ರೆಸಿಡೆಂಟನಾಗಿದ್ದವನು, ಆ ಕಾಲವನ್ನು ಕಂಡವರನ್ನೇ ಕೇಳಿ ಬರೆದವನು. ಟಿಪ್ಪುವಿನ ಮೇಲೆ ಅವನಿಗೆ ಒಲವಿರಲಿಲ್ಲ. ಆ ದಿನದಿಂದ ಸಾಯುವ ತನಕ ಟಿಪ್ಪು ಮಂಚದ ಮೇಲೆ ಮಲಗಲಿಲ್ಲ, ನೆಲದ ಮೇಲೆ ಒರಟು ಬಟ್ಟೆ ಹಾಸಿ ಮಲಗುತ್ತಿದ್ದ ಎಂಬುದನ್ನೂ ಅವನೇ ದಾಖಲಿಸಿದ್ದಾನೆ. ಒಲವಿಲ್ಲದವನ ಬಾಯಿಂದ ಬಂದ ಈ ಮಾತನ್ನು ನಾನು ನಂಬುತ್ತೇನೆ.

24ರಂದು ಸಹಿಯಾದ ಕರಾರು ಇಂಗ್ಲಿಷರ ಡೇರೆಗೆ ಬಂತು, ಗುಂಡಿನ ಸದ್ದು ನಿಂತಿತು. ಕೋಟೆ ಹೊಡೆದೇಬಿಡುತ್ತೇವೆಂದು ಕಾದಿದ್ದ ಸೈನಿಕರು ಮುಖ ಸಣ್ಣಗೆ ಮಾಡಿಕೊಂಡು ಕಂದಕದಿಂದ ಮೇಲೆ ಬಂದರು. 26ರಂದು ಮಕ್ಕಳ ಸರದಿ.

ಅಂದು ಕಂಡದ್ದನ್ನು ಮೇಜರ್ ಡೈರಮ್ ಎಂಬ ಅಧಿಕಾರಿ ವಿವರವಾಗಿ ಬರೆದಿದ್ದಾನೆ. ಕೋಟೆಯ ಬಾಗಿಲ ಮೇಲಿನ ಗೋಡೆಯಲ್ಲಿ ಟಿಪ್ಪು ನಿಂತು ನೋಡುತ್ತಿದ್ದ. ಮಕ್ಕಳು ಹೊರಟಾಗ ಕೋಟೆಯಿಂದ ತೋಪುಗಳು ಹಾರಿದವು. ಮುಂದೆ ಒಂಟೆಯ ಹರಕಾರರು, ರಾಕೆಟ್ಟಿನ ಬಿದಿರಿಗೆ ಕಟ್ಟಿದ ಸಣ್ಣ ಹಸಿರು ಬಾವುಟ ಹಿಡಿದ ಏಳು ಮಂದಿ, ಬೆಳ್ಳಿ ಕೂರಿಸಿದ ಭರ್ಜಿಗಳ ನೂರು ಜನ. ಹಿಂದೆ ಇನ್ನೂರು ಸಿಪಾಯಿಗಳು. ನಡುವೆ ಆನೆಯ ಬೆಳ್ಳಿ ಅಂಬಾರಿಗಳಲ್ಲಿ ಇಬ್ಬರು ಹುಡುಗರು. ಅಬ್ದುಲ್ ಖಾಲಿಕನಿಗೆ ಸುಮಾರು ಹತ್ತು ವರ್ಷ, ಮುಯಿಜುದ್ದೀನನಿಗೆ ಎಂಟು. ಉದ್ದನೆಯ ಬಿಳಿ ಮಸ್ಲಿನ್ ಅಂಗಿ, ಕೆಂಪು ಪೇಟ, ಕೊರಳಲ್ಲಿ ಸಾಲು ಸಾಲು ಮುತ್ತು, ಅದರ ತುದಿಗೆ ಕೆಂಪು ಪಚ್ಚೆಗಳ ಪದಕ. ಹಿರಿಯವನದು ಕಪ್ಪು ಬಣ್ಣ, ಉದ್ದ ಮುಖ, ಗಂಭೀರ. ಕಿರಿಯವನು ಬೆಳ್ಳಗೆ, ದುಂಡು ಮುಖ, ದೊಡ್ಡ ಕಣ್ಣು. ಈ ಕಿರಿಯವನ ತಾಯಿ, ಸತ್ಯಮಂಗಲದಲ್ಲಿ ಮಡಿದ ಬುರ್ಹಾನುದ್ದೀನನ ತಂಗಿ, ಫೆಬ್ರುವರಿ 6ರ ದಾಳಿಯ ಭಯದಲ್ಲಿ ಹಾಸಿಗೆ ಹಿಡಿದು ಕೆಲವೇ ದಿನಗಳ ಹಿಂದೆ ತೀರಿಕೊಂಡಿದ್ದಳು. ತಾಯಿ ಸತ್ತು ಮೂರು ವಾರ ಕಳೆಯುವ ಮೊದಲೇ ಆ ಎಂಟು ವರ್ಷದವನನ್ನು ಅಲಂಕರಿಸಿ ಅಂಬಾರಿ ಹತ್ತಿಸಿದ್ದರು.

ಕಾರ್ನ್‌ವಾಲಿಸ್ ಡೇರೆಯ ಬಾಗಿಲಿಗೆ ಬಂದು ಇಬ್ಬರನ್ನೂ ಅಪ್ಪಿಕೊಂಡು, ಕೈಹಿಡಿದು ಒಳಗೆ ಕರೆದೊಯ್ದು ತನ್ನ ಎರಡು ಪಕ್ಕಕ್ಕೆ ಕೂರಿಸಿಕೊಂಡ. ಆಗ ಗುಲಾಂ ಅಲಿ ಖಾನ್ ಎದ್ದು ನಿಂತು ಒಪ್ಪಿಸುವ ಮಾತಾಡಿದ: ಬೆಳಿಗ್ಗೆ ತನಕ ಇವರು ನನ್ನ ಒಡೆಯನ ಮಕ್ಕಳಾಗಿದ್ದರು, ಈಗಿನಿಂದ ಇವರಿಗೆ ತಾವೇ ತಂದೆ ಎಂಬರ್ಥದಲ್ಲಿ. ಕೇಳಲು ಇದು ಸೋತವನ ದೀನ ಮಾತು. ಸ್ವಲ್ಪ ನಿಧಾನಿಸಿ ನೋಡಿದರೆ ಬೇರೆಯೇ ಕಾಣುತ್ತದೆ. ಒತ್ತೆಯಿಟ್ಟ ಮಕ್ಕಳನ್ನು ಎಲ್ಲರ ಎದುರಿಗೆ ಅವನ ಮಕ್ಕಳೆಂದು ಕರೆದ ಮೇಲೆ, ಅವರ ಕೂದಲು ಕೊಂಕಿದರೆ ಮಾನ ಹೋಗುವುದು ಇಟ್ಟುಕೊಂಡವನದು. ಹಣದ ಖಾತರಿಗೆ ಬಂದ ಮಕ್ಕಳಿಗೆ ಗುಲಾಂ ಅಲಿ ಅಲ್ಲಿ ನಿಂತಲ್ಲೇ ಇನ್ನೊಂದು ಖಾತರಿ ಬರೆಸಿಕೊಂಡ. ಕಾಗದವಿಲ್ಲ, ಮೊಹರಿಲ್ಲ, ಆದರೆ ಸುತ್ತ ನಿಂತವರೆಲ್ಲ ಅದಕ್ಕೆ ಸಾಕ್ಷಿ. ಕಾರ್ನ್‌ವಾಲಿಸ್ ಮಕ್ಕಳಿಗೆ ತಂದೆಯ ಆರೈಕೆಗೆ ಕೊರತೆಯಾಗದೆಂದು ಮಾತು ಕೊಟ್ಟು ಇಬ್ಬರಿಗೂ ಒಂದೊಂದು ಚಿನ್ನದ ಗಡಿಯಾರ ಕೊಟ್ಟ. ಅಮೆರಿಕದ ಯಾರ್ಕ್‌ಟೌನಿನಲ್ಲಿ 1781ರಲ್ಲಿ ತನ್ನ ಇಡೀ ಸೈನ್ಯವನ್ನು ಶತ್ರುವಿಗೆ ಒಪ್ಪಿಸಿದ ಸೇನಾಪತಿ ಅವನು. ಒಪ್ಪಿಸುವವನ ಎದೆಯೊಳಗೆ ಏನಾಗುತ್ತದೆಂಬುದು ಅವನಿಗೆ ತಿಳಿಯದ್ದೇನಲ್ಲ.

ಆ ಮಾತಿಗೆ ಪರೀಕ್ಷೆ ಬರಲು ಮೂರು ವಾರವೂ ಹಿಡಿಯಲಿಲ್ಲ. ಅರ್ಧ ರಾಜ್ಯವೆಂದು ಒಪ್ಪಿದ್ದಾಗಿತ್ತು, ಯಾವ ಅರ್ಧ? ಟಿಪ್ಪುವಿನ ಸಾಲಿಯಾನ ಆದಾಯ 2 ಕೋಟಿ 37 ಲಕ್ಷವೆಂದು ಲೆಕ್ಕವಾಗಿ, ಮೂವರಿಗೂ ತಲಾ ಸುಮಾರು 39 ಲಕ್ಷದ ಸೀಮೆ ಕೊಡಬೇಕಾಗಿತ್ತು. ತಾಲ್ಲೂಕುಗಳ ಹುಟ್ಟುವಳಿಯನ್ನು ಕಂಠೀರಾಯ ವರಹದಲ್ಲಿ ಬರೆದ ಪಟ್ಟಿಗಳು ಡೇರೆಯಿಂದ ಡೇರೆಗೆ ಓಡಾಡಿದವು. ಆ ಪಟ್ಟಿಯಲ್ಲಿ ಇಂಗ್ಲಿಷರು ಕೊಡಗನ್ನು ಸೇರಿಸಿದ್ದು ಕಂಡು ಟಿಪ್ಪು ಕೆರಳಿದ. ಕೊಡಗು ಇಂಗ್ಲಿಷರ ಯಾವ ನೆಲಕ್ಕೆ ಹೊಂದಿಕೊಂಡಿದೆ, ಅದನ್ನು ಕೇಳುವ ಬದಲು ಪಟ್ಟಣದ ಬೀಗದ ಕೈಯನ್ನೇ ಏಕೆ ಕೇಳಬಾರದು ಎಂದು ಸಿಡಿದ. ಶ್ರೀರಂಗಪಟ್ಟಣಕ್ಕೆ ಅಷ್ಟು ಹತ್ತಿರದ ಮಲೆ ಶತ್ರುವಿನ ಕೈಯಲ್ಲಿದ್ದರೆ ಮುಂದಿನ ಯುದ್ಧ ಬಾಗಿಲಲ್ಲೇ ಆರಂಭವಾಗುತ್ತದೆಂಬುದು ಅವನಿಗೆ ಗೊತ್ತಿತ್ತು. ಇತ್ತ ಇಂಗ್ಲಿಷರು ಕೊಡಗಿನ ದೊಡ್ಡ ವೀರರಾಜೇಂದ್ರನಿಗೆ 1790ರಲ್ಲೇ ಮಾತು ಕೊಟ್ಟು ಅವನ ನೆರವು ಪಡೆದಿದ್ದರು.

ಕಾರ್ನ್‌ವಾಲಿಸ್ ಮತ್ತೆ ಮುತ್ತಿಗೆಗೆ ಅಪ್ಪಣೆ ಕೊಟ್ಟ. ಮಕ್ಕಳ ಜೊತೆ ಬಂದಿದ್ದ ಮೈಸೂರು ಕಾವಲುಗಾರರ ಆಯುಧ ಕಿತ್ತುಕೊಂಡು ಸೆರೆಯಲ್ಲಿಟ್ಟರು. ಮಕ್ಕಳನ್ನು ಬೆಂಗಳೂರಿನ ದಾರಿಯಾಗಿ ಮದರಾಸಿನತ್ತ ಸಾಗಿಸಲು ಸಿದ್ಧತೆ ನಡೆಯಿತು. ಎರಡು ವಾರದ ಹಿಂದೆ ತಂದೆಯಾಗುತ್ತೇನೆಂದವನ ಕೈಯಲ್ಲೇ ಇದು. ಆ ಗಳಿಗೆಯಲ್ಲಿ ಇಬ್ಬರು ವಕೀಲರ ಮೇಲೆ ಬಿದ್ದ ಭಾರವನ್ನು ಊಹಿಸಬೇಕು. ಹೊರಡುವುದನ್ನು ಸ್ವಲ್ಪ ತಡೆಯಿರೆಂದು ಇತ್ತ ಅಂಗಲಾಚುವುದು, ಕೊಡಗಿಗಾಗಿ ಮಕ್ಕಳನ್ನು ಕಳೆದುಕೊಳ್ಳಬೇಡಿರೆಂದು ಅತ್ತ ಬಿನ್ನವಿಸುವುದು. ಒಂದೆರಡು ದಿನ ಗೆದ್ದುಕೊಂಡರೆ ಸಾಕು, ಸಿಟ್ಟು ಇಳಿಯಲು ಅಷ್ಟು ಹೊತ್ತು ಬೇಕು. ಅವರು ಅದನ್ನು ಗೆದ್ದರು. ಟಿಪ್ಪು ಕೊಡಗನ್ನು ಬಿಟ್ಟುಕೊಟ್ಟ. ಮಾರ್ಚ್ 18ರಂದು ಕರಾರಿಗೆ ಮೊಹರು ಬಿತ್ತು.

ಮರುದಿನ ಅದನ್ನು ಕಾರ್ನ್‌ವಾಲಿಸನ ಕೈಗೆ ಕೊಟ್ಟವನು ಹತ್ತು ವರ್ಷದ ಅಬ್ದುಲ್ ಖಾಲಿಕ್. ಮಿತ್ರರಿಬ್ಬರ ಪ್ರತಿಗಳನ್ನು ಕೊಡುವಾಗ ಮರಾಠರ ವಕೀಲ ಏನನ್ನೋ ಗೊಣಗಿದ. ಏನು ಹೇಳುತ್ತಿದ್ದೀರಿ ಎಂದು ಹುಡುಗ ಕೇಳಿದನಂತೆ, ನಿಮ್ಮ ಒಡೆಯರಿಗೆ ಅಸಮಾಧಾನ ಪಡಲು ಇನ್ನು ಕಾರಣವೇನಿದೆ ಎಂದು ಸುಮ್ಮನಾಗಿಸಿದನಂತೆ. ಡೈರಮ್ ಇದನ್ನು ಮೆಚ್ಚಿ ಬರೆದಿದ್ದಾನೆ. ನನಗಾದರೋ, ಆ ವಯಸ್ಸಿಗೆ ಇಂಥ ಮಾತು ಆಡಬೇಕಾಗಿ ಬಂತಲ್ಲ ಎಂದು ನೋವಾಗುತ್ತದೆ.

ಮಕ್ಕಳು ಮದರಾಸಿಗೆ ಹೋದರು. ವಕೀಲರಿಬ್ಬರೂ ಜೊತೆಗೆ ಹೋದರು. ಕೋಟೆಯೊಳಗೆ ವಾಸ, ನೋಡಿಕೊಳ್ಳಲು ಕ್ಯಾಪ್ಟನ್ ಜಾನ್ ಡವ್ಟನ್. ಇತ್ತ ಮೈಸೂರಿನಲ್ಲಿ ಅವರನ್ನು ಬಿಡಿಸುವ ಹಣ ಕೂಡಿಸುವ ಕೆಲಸ. ವಿಲ್ಕ್ಸ್ ಕೊಡುವ ಲೆಕ್ಕದಂತೆ ಖಜಾನೆಯಿಂದ ತೆಗೆದದ್ದು 1 ಕೋಟಿ 10 ಲಕ್ಷ. ಸೈನ್ಯದಿಂದ ನಜರಾನವೆಂದು 60 ಲಕ್ಷ. ಉಳಿದ 1 ಕೋಟಿ 60 ಲಕ್ಷವನ್ನು ಅಮಲ್ದಾರರ ಮೂಲಕ ಪ್ರಜೆಗಳಿಂದ ಎತ್ತಬೇಕಾಗಿತ್ತು. ಎತ್ತುವಾಗ ಅದಕ್ಕಿಂತ ಹೆಚ್ಚೇ ಎತ್ತಿದರೆಂದು ಅವನು ಹೇಳುತ್ತಾನೆ. ಮಕ್ಕಳ ಬಿಡುಗಡೆಯ ಬೆಲೆಯಲ್ಲಿ ಅರ್ಧದಷ್ಟನ್ನು ತೆತ್ತವರು ಜನ. ಯುದ್ಧದಲ್ಲಿ ಮೇವು, ದನ, ಬೆಳೆ ಕಳೆದುಕೊಂಡಿದ್ದ ಬೆಂಗಳೂರು ಸುತ್ತಿನ ರೈತನೂ ಅದರಲ್ಲಿ ಸೇರಿದ್ದಾನೆ. ಚಿತ್ರಗಳಲ್ಲಿ ಅವನಿಗೆ ಜಾಗವಿಲ್ಲ. ಈ ಒತ್ತೆಯ ಕಥೆ ಹೇಳುವಾಗ ಅವನನ್ನು ಬಿಟ್ಟರೆ ಕಥೆ ಪೂರ್ತಿಯಾಗದು.

ಎರಡು ವರ್ಷ ಕಳೆಯಿತು. ಕಾರ್ನ್‌ವಾಲಿಸ್ ಹೋಗಿ ಸರ್ ಜಾನ್ ಶೋರ್ ಗವರ್ನರ್ ಜನರಲ್ ಆಗಿ ಬಂದ. ಮಕ್ಕಳನ್ನು ಮರಳಿಸುವ ತೀರ್ಮಾನವಾದಾಗ ಟಿಪ್ಪು ದೇವನಹಳ್ಳಿಗೆ ಬಂದು ಬಿಡಾರ ಹೂಡಿದ. ಶ್ರೀರಂಗಪಟ್ಟಣದಲ್ಲಿ ಕುಳಿತು ಕಾಯಬಹುದಾಗಿತ್ತು, ಕಾಯಲಿಲ್ಲ. ತಾನು ಹುಟ್ಟಿದ ಊರಿನ ತನಕ ಎದುರು ಬಂದ. ಮಕ್ಕಳನ್ನು ಕರೆತಂದ ಡವ್ಟನ್ ಅವರನ್ನು ಡೇರೆಯೊಳಗೆ ಕರೆದುಕೊಂಡು ಹೋದ. ಮಕ್ಕಳು ತಂದೆಯ ಪಾದದ ಮೇಲೆ ತಲೆಯಿಟ್ಟರು. ಟಿಪ್ಪು ಅವರ ಕುತ್ತಿಗೆಯ ಮೇಲೆ ಕೈಯಿಟ್ಟ. ಅವರು ಎದ್ದರು, ಕೂರುವ ಜಾಗವನ್ನು ಅವನು ಕೈಯಿಂದ ತೋರಿಸಿದ. ಮಾತಿಲ್ಲ. ವಿಲ್ಕ್ಸ್ ಇದನ್ನು ಎದೆ ಕಲ್ಲಾದ ತಂದೆಯ ಲಕ್ಷಣವೆಂಬಂತೆ ಬರೆಯುತ್ತಾನೆ. ನನಗೆ ಹಾಗೆ ಕಾಣುವುದಿಲ್ಲ. ಎದುರಿಗೆ ಶತ್ರುವಿನ ಅಧಿಕಾರಿ ನಿಂತಿದ್ದಾನೆ, ನೋಡಿದ್ದನ್ನು ಅವನು ವರದಿ ಬರೆಯುತ್ತಾನೆಂಬುದು ಗೊತ್ತಿದೆ. ಕಣ್ಣೀರು ಹಾಕಿದ್ದರೆ, ಮಕ್ಕಳೇ ಇವನ ಮರ್ಮಸ್ಥಾನವೆಂದು ಮದರಾಸಿನಲ್ಲಿ ಬರೆದಿಟ್ಟುಕೊಳ್ಳುತ್ತಿದ್ದರು. ಒಮ್ಮೆ ಒತ್ತೆ ಕೊಟ್ಟವನು ಇನ್ನೊಮ್ಮೆ ಕೇಳುವವರಿಗೆ ದಾರಿ ತೋರಿಸಬಾರದು. ಅಲ್ಲದೆ ನಮ್ಮ ಕಡೆಯ ತಂದೆಯರು ಹತ್ತು ಜನರೆದುರು ಬೆಳೆದ ಗಂಡುಮಕ್ಕಳನ್ನು ಅಪ್ಪಿ ಮುದ್ದಾಡಿದ್ದನ್ನು ಎಷ್ಟು ಜನ ಕಂಡಿದ್ದಾರೆ? ಡವ್ಟನ್ ಕೆಲವು ದಿನ ಅಲ್ಲೇ ಉಳಿದ. ಟಿಪ್ಪು ಅವನನ್ನು ಕರೆಸಿ ಮಾತಾಡಿಸಿದ. ಆದರೆ ಇಂಗ್ಲಿಷರ ಪ್ರತಿನಿಧಿಯೊಬ್ಬ ತನ್ನ ದರ್ಬಾರಿನಲ್ಲಿ ಕಾಯಂ ಆಗಿ ಕೂರಲು ಎಡೆ ಕೊಡಲಿಲ್ಲ.

ಸಂಧಾನಕಾರರ ಪಾಡು ಅಲ್ಲಿಗೆ ಮುಗಿಯಬೇಕಿತ್ತು. ಮುಗಿಯಲಿಲ್ಲ, ಮುಗಿಯುವುದೂ ಅಪರೂಪ. ನಮ್ಮ ಕಾಲದ್ದೇ ನೋಡಿ: 2000ದ ಜುಲೈ 30ರಂದು ಗಾಜನೂರಿನಿಂದ ಡಾ. ರಾಜ್‌ಕುಮಾರ್ ಅವರನ್ನು ವೀರಪ್ಪನ್ ಹೊತ್ತೊಯ್ದಾಗ ಕಾಡಿಗೂ ನಾಡಿಗೂ ನಡುವೆ ಓಡಾಡಿದ ‘ನಕ್ಕೀರನ್’ ಪತ್ರಿಕೆಯ ಸಂಪಾದಕ ಗೋಪಾಲ್ ಅವರ ಹೆಸರು ಕನ್ನಡಿಗರ ಮನೆಮನೆಯಲ್ಲಿ ಕೇಳಿಬಂತು. 108 ದಿನ ನಾಡೆಲ್ಲ ಅವರು ತರುವ ಕ್ಯಾಸೆಟ್ಟಿಗಾಗಿ ಕಾದಿತ್ತು. ಮೂರು ವರ್ಷ ತುಂಬುವ ಮೊದಲೇ, 2003ರಲ್ಲಿ, ಅದೇ ಗೋಪಾಲ್ ತಮಿಳುನಾಡಿನಲ್ಲಿ ಪೋಟಾ ಕಾಯ್ದೆಯಡಿ ಜೈಲು ಸೇರಿದರು. ಎರಡು ಕಡೆಯವರೂ ನಂಬಿದ್ದಕ್ಕೇ ಸಂಧಾನಕಾರ ನಡುವೆ ನಿಲ್ಲಬಲ್ಲ. ಕೆಲಸ ಮುಗಿದ ಮೇಲೆ, ಆ ಕಡೆಯವರು ಇವನನ್ನು ಹೇಗೆ ನಂಬಿದರೆಂಬುದೇ ಅವನ ಮೇಲಿನ ಆರೋಪವಾಗುತ್ತದೆ.

ಗುಲಾಂ ಅಲಿ ಖಾನನಿಗೆ ಆ ಕಾಲ ಬಂದದ್ದು 1799ರ ನಂತರ. ಮೇ 4ರಂದು ಶ್ರೀರಂಗಪಟ್ಟಣ ಬಿತ್ತು. ಅರಮನೆಯೊಳಗೆ ಉಳಿದಿದ್ದ ಮುಯಿಜುದ್ದೀನನ ಬಳಿಗೆ ಮೇಜರ್ ಆಲನ್ ಭರ್ಜಿಗೆ ಬಿಳಿ ಬಟ್ಟೆ ಕಟ್ಟಿಕೊಂಡು ಹೋಗಿ, ಬಾಗಿಲು ತೆರೆದರೆ ಜೀವಕ್ಕೆ ಭಯವಿಲ್ಲವೆಂದು ಒಪ್ಪಿಸಬೇಕಾಯಿತು. ಅಪ್ಪ ಎಲ್ಲಿದ್ದಾನೆಂಬುದು ಆ ಹೊತ್ತಿನಲ್ಲಿ ಒಳಗಿನವರಿಗೂ ಹೊರಗಿನವರಿಗೂ ಗೊತ್ತಿರಲಿಲ್ಲ. ಮರುದಿನ ಬೆಳಿಗ್ಗೆ ಅಬ್ದುಲ್ ಖಾಲಿಕ್ ತಾನಾಗಿಯೇ ಇಂಗ್ಲಿಷರ ಕಾವಲು ಠಾಣೆಗೆ ಬಂದು ರಕ್ಷಣೆ ಕೇಳಿದ. ಹತ್ತನೇ ವಯಸ್ಸಿನಲ್ಲಿ ಕಲಿತ ದಾರಿ ಅದು. ಟಿಪ್ಪುವಿನ ಮಕ್ಕಳನ್ನೆಲ್ಲ ವೆಲ್ಲೂರಿನ ಕೋಟೆಗೆ ಸಾಗಿಸಿದಾಗ ಅವರ ಮೇಲ್ವಿಚಾರಣೆಗೆ ನೇಮಕವಾದವನು ಮತ್ತೆ ಅದೇ ಡವ್ಟನ್. 1806ರ ಜುಲೈ 10ರಂದು ಅಲ್ಲಿ ಸಿಪಾಯಿಗಳು ದಂಗೆಯೆದ್ದ ಮೇಲೆ ಆ ಕುಟುಂಬವನ್ನು ಕಲ್ಕತ್ತೆಗೆ ಕಳಿಸಿದರು. ದಂಗೆಯ ಹಿಂದೆ ಮುಯಿಜುದ್ದೀನನ ಕೈವಾಡವಿತ್ತೆಂದು ಅವನನ್ನು ಬೇರೆಯಾಗಿ ಕಾವಲಲ್ಲಿಟ್ಟರು. ದೇವನಹಳ್ಳಿಯಲ್ಲಿ ಬಿಡುಗಡೆಯಾದ ಆ ಇಬ್ಬರು ಅಪ್ಪನ ಜೊತೆ ಕಳೆದದ್ದು ಐದೇ ವರ್ಷ.

ಶ್ರೀರಂಗಪಟ್ಟಣದ ಅರಮನೆಯ ಕಾಗದಪತ್ರಗಳಲ್ಲಿ ಒಂದು ಕಟ್ಟು ಸಿಕ್ಕಿತು. ಮದರಾಸಿನಲ್ಲಿದ್ದ ಎರಡು ವರ್ಷ ವಕೀಲರಿಬ್ಬರು ಟಿಪ್ಪುವಿಗೆ ಬರೆದ ಪತ್ರಗಳವು. ಪರ್ಷಿಯನ್ ಬಲ್ಲ ಎಡ್ಮನ್‌ಸ್ಟನ್ ಅವನ್ನು ಇಂಗ್ಲಿಷಿಗೆ ತಂದ. ಆರ್ಕಾಟಿನ ನವಾಬ ಮಹಮ್ಮದಾಲಿ ವಾಲಾಜಾ ಮತ್ತು ಅವನ ಮಗ ಉಮ್ದತುಲ್ ಉಮರಾ ಮಕ್ಕಳನ್ನು ಹೇಗೆ ಆದರಿಸಿದರು, ಏನೇನು ಒಳ್ಳೆಯ ಮಾತಾಡಿದರು, ಸುಲ್ತಾನನ ಬಗ್ಗೆ ಎಂಥ ಸ್ನೇಹ ತೋರಿಸಿದರು ಎಂಬುದೆಲ್ಲ ಅದರಲ್ಲಿತ್ತು. ಹೆಸರುಗಳಿಗೆ ಬದಲು ಗುಟ್ಟಿನ ಮಾತುಗಳ ಪಟ್ಟಿಯೂ ಸಿಕ್ಕಿತು. ಅದರಲ್ಲಿ ಇಂಗ್ಲಿಷರಿಗೆ ಇಟ್ಟ ಹೆಸರು ಹೊಸದಾಗಿ ಬಂದವರು ಎಂದು. ಪರಊರಿನಲ್ಲಿ ಒಡೆಯನ ಮಕ್ಕಳನ್ನು ಕಾಯುತ್ತಿದ್ದ ವಕೀಲರು ಮನೆಗೆ ಬರೆಯುವ ಪತ್ರದಲ್ಲಿ ಇದನ್ನಲ್ಲದೆ ಇನ್ನೇನು ಬರೆದಾರು? ಮಕ್ಕಳು ಕ್ಷೇಮ, ನಮಗೆ ಇಲ್ಲಿ ಸ್ನೇಹಿತರಿದ್ದಾರೆ ಎಂದು ಹೇಳುವುದೇ ಅವರ ಕೆಲಸ. ಅದರಲ್ಲಿ ಅಷ್ಟಿಷ್ಟು ಬಣ್ಣ ಸೇರಿದ್ದರೂ ಆಶ್ಚರ್ಯವಿಲ್ಲ.

ಆಗಿನ ಗವರ್ನರ್ ಜನರಲ್ ವೆಲ್ಲೆಸ್ಲಿಗೆ ಅದು ಬೇರೆಯಾಗಿ ಕಂಡಿತು. ನವಾಬ ಶತ್ರುವಿನೊಡನೆ ಒಳಸಂಚು ನಡೆಸಿದ್ದಾನೆಂದು ತೀರ್ಮಾನಿಸಿ 1800ರಲ್ಲಿ ವೆಬ್ ಮತ್ತು ಬ್ಯಾರಿ ಕ್ಲೋಸ್ ಎಂಬಿಬ್ಬರು ಅಧಿಕಾರಿಗಳನ್ನು ವಿಚಾರಣೆಗೆ ಕೂರಿಸಿದರು. ಗುಲಾಂ ಅಲಿ ಖಾನನೂ ಅಲಿ ರಜಾ ಖಾನನೂ ಸಾಕ್ಷಿ ಹೇಳಬೇಕಾಯಿತು. ಎಂಟು ವರ್ಷದ ಹಿಂದೆ ಆದರದಿಂದ ಆಡಿದ ಮಾತು, ಮಸೀದಿಯಲ್ಲಿ ನಡೆದ ಭೇಟಿ, ಉಪಚಾರಕ್ಕೆ ಹೇಳಿದ ಒಂದೊಂದು ವಾಕ್ಯದ ಅರ್ಥವೇನೆಂದು ಅವರನ್ನು ಕೆದಕಿ ಕೇಳಿದರು. ಕಂಪನಿಯ ಇತಿಹಾಸ ಬರೆದ ಜೇಮ್ಸ್ ಮಿಲ್ ಕೂಡ, ಈ ಸಾಕ್ಷ್ಯದಲ್ಲಿ ಅಪರಾಧ ಸಾಬೀತಾಗುವಂಥದ್ದು ಏನೂ ಇಲ್ಲವೆಂದೇ ಬರೆದ. ಅದರಿಂದ ಆದದ್ದೇನೂ ಇಲ್ಲ. 1801ರ ಜುಲೈ ತಿಂಗಳಲ್ಲಿ ಉಮ್ದತುಲ್ ಉಮರಾ ತೀರಿಕೊಂಡ. ಆ ತಿಂಗಳ ಕೊನೆಯ ದಿನ ಅಜೀಮುದ್ದೌಲನೊಡನೆ ಮಾಡಿಕೊಂಡ ಒಪ್ಪಂದದಿಂದ ಕರ್ನಾಟಿಕ್ ಸೀಮೆಯ ಆಡಳಿತವೆಲ್ಲ ಕಂಪನಿಯ ಕೈಸೇರಿತು. ಮದರಾಸಿನ ಕೋಟೆಯೊಳಗೆ, ಇಬ್ಬರು ಹುಡುಗರನ್ನು ಕಾಯುತ್ತ ಕುಳಿತು ಗುಲಾಂ ಅಲಿ ಖಾನ್ ತನ್ನ ಒಡೆಯನಿಗೆ ಬರೆದ ಕ್ಷೇಮಸಮಾಚಾರವೇ ಅದಕ್ಕೆ ಕೊಟ್ಟ ಕಾರಣ.